ಗೋಥೆನ್‌ಬರ್ಗ್‌ನಲ್ಲಿ ಕೋಬೆ

ರೈಲಿನಿಂದ ಇಳಿದ ಶ್ರಾವಣಿಗೆ ಮೊದಲು ಕಂಡಿದ್ದು ತನ್ನದೇ ಹೆಸರು. ಸ್ವೀಡನ್ನಿನ ಗೋಥೆನ್‌ಬರ್ಗ್ ಸೆಂಟ್ರಲ್ ಸ್ಟೇಷನ್ನಿನ ಪ್ಲಾಟ್‌ಫಾರ್ಮಿನ ತುದಿಯಲ್ಲಿ ಒಂದು ರಟ್ಟು, ಅದರ ಮೇಲೆ ದಪ್ಪ ಮಾರ್ಕರಿನಲ್ಲಿ 'ಶ್ರೀಮತಿ ಶ್ರಾವಣಿ, ಕಾರ್ಲ್‌ಸ್ಟಾಡ್' ಎಂದು ಕನ್ನಡ ಅಕ್ಷರ. ರಟ್ಟಿನ ಹಿಂದೆ ಸಿದ್ದಲಿಂಗ.

"ಶ್ರೀಮತಿ ಯಾರ್ರೀ ಇಲ್ಲಿ?" ಎಂದಳು.

"ಸಾರಿ ಮೇಡಂ, ಬುಕಿಂಗ್ ಬಂದಿದ್ದೇ ಹಾಗೆ. ನಾನು ನಿಮ್ಮ ಪ್ರೈವೇಟ್ ಗೈಡ್. ಕೋಬೆ ನಗರಕ್ಕೆ ಸ್ವಾಗತ." ಸೊಂಟ ಬಗ್ಗಿಸಿ ಜಪಾನಿಯರ ಹಾಗೆ ನಮಸ್ಕರಿಸಿದ. ಪಕ್ಕದಲ್ಲಿ ಹೋಗುತ್ತಿದ್ದ ಅಜ್ಜಿಯೊಬ್ಬಳು ನಿಂತು ನೋಡಿದಳು.

ಶ್ರಾವಣಿಗೆ ನಗು ಬಂತು. ತಾನು ಓದುವ ಊರು ಕಾರ್ಲ್‌ಸ್ಟಾಡ್‌ನಿಂದ ಬೆಳಗಿನ ರೈಲಿನಲ್ಲಿ ಮೂರು ಗಂಟೆ ಅವಳು ಒಂದೇ ವಾಕ್ಯವನ್ನು ಉರು ಹೊಡೆದುಕೊಂಡು ಬಂದಿದ್ದಳು. ಇವತ್ತು ಕೇಳಲೇಬೇಕು. ಮದುವೆ ಆಗ್ತೀರಾ ಅಂತ ಕೇಳಿಯೇಬಿಡಬೇಕು. ಪಿಎಚ್‌ಡಿ ಮಾಡುವವರ ಗಂಡನಿಗೆ ಈ ದೇಶದಲ್ಲಿ ಇರಲು ಪರ್ಮಿಟ್ ಸಿಗುತ್ತದೆ. ಆಗ ಅವನು ಎಲ್ಲಿಗೂ ಹೋಗಬೇಕಾಗಿಲ್ಲ.

ಇವರಿಬ್ಬರ ಕಥೆ ಶುರುವಾದದ್ದೇ ಒಂದು ಟೂರ್‌ನಿಂದ. ಶ್ರಾವಣಿಯ ಸಂಶೋಧನೆ ಭೂಕಂಪವಾದ ಊರುಗಳು ಮತ್ತೆ ಹೇಗೆ ಎದ್ದು ನಿಲ್ಲುತ್ತವೆ ಎಂಬುದರ ಬಗ್ಗೆ. ಜಪಾನಿನ ಬಂದರು ನಗರ ಕೋಬೆಯಲ್ಲಿ ನಕಾಮುರಾ ಎಂಬ ಹಿರಿಯ ಹೆಂಗಸೊಬ್ಬರು ದಿನಪೂರ್ತಿ ಜೊತೆಗಿದ್ದು ಊರು ತೋರಿಸುತ್ತಾರೆ, ಭೂಕಂಪವನ್ನು ಕಣ್ಣಾರೆ ಕಂಡವರು ಎಂದು ಗೊತ್ತಾಗಿತ್ತು. ಆದರೆ ಕನಿಷ್ಠ ಇಬ್ಬರು ಇರಬೇಕಂತೆ. "ಜಪಾನ್‌ಗೆ ಜೊತೆಗೆ ಬರೋರು ಯಾರಾದ್ರೂ ಇದ್ದೀರಾ?" ಎಂದು ಸ್ವೀಡನ್ ಕನ್ನಡಿಗರ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಕೇಳಿದಳು. ಮೂವತ್ತು ಜನ ಹೆಬ್ಬೆರಳು ಎತ್ತಿದರು. ಬರ್ತೀನಿ ಅಂದವನು ಒಬ್ಬನೇ.

ಅವನು ಗದಗಿನವನು, ಗೋಥೆನ್‌ಬರ್ಗಿನ ಅಂಚಿನ ಟೋರ್ಸ್‌ಲಾಂಡದ ಕಾರು ಕಾರ್ಖಾನೆಗೆ ಕೆಲಸ ಮಾಡಿಕೊಡುವ ಸಣ್ಣ ಕನ್ಸಲ್ಟಿಂಗ್ ಕಂಪನಿಯೊಂದರ ಎಂಜಿನಿಯರ್. ಪ್ಲಾನ್ ಮಾಡೋಣ ಎಂಬ ನೆಪದಲ್ಲಿ ಹದಿನೈದು ದಿನಕ್ಕೊಮ್ಮೆ ಇಬ್ಬರೂ ಫೀಕಾಗೆ, ಅಂದರೆ ಇಲ್ಲಿನವರ ಕಾಫಿ-ತಿಂಡಿಯ ಹರಟೆಗೆ, ಕೂತರು. ಒಂದು ದಿನದ ಟೂರಿಗೆ ಒಂದು ವರ್ಷದ ಪ್ಲಾನು! ಕಾಫಿ ಆರುವವರೆಗೂ ಮಾತು, ಆರಿದ ಮೇಲೂ ಮಾತು. ಇದಕ್ಕೆ ಏನೆನ್ನುತ್ತಾರೆ ಎಂದು ಊರಿಗೆಲ್ಲ ಗೊತ್ತಿತ್ತು, ಇವರಿಬ್ಬರನ್ನು ಬಿಟ್ಟು.

ಅಷ್ಟರಲ್ಲಿ ಸಿದ್ದಲಿಂಗನ ವರ್ಕ್ ಪರ್ಮಿಟ್ ನವೀಕರಣ ತಿರಸ್ಕಾರವಾಯಿತು. "ಏನೋ ಪೇಪರ್ ಪ್ರಾಬ್ಲಮ್. ಅಪೀಲ್ ಹಾಕಿದೀನಿ, ತಿಂಗಳುಗಟ್ಟಲೆ ಆಗುತ್ತೆ," ಎಂದಿದ್ದ. ಅಪೀಲ್ ಮುಗಿಯುವ ಮೊದಲು ದೇಶದ ಹೊರಗೆ ಕಾಲಿಟ್ಟರೆ ವಾಪಸು ಬರಲಾಗದು. ಜಪಾನ್ ಕೈಬಿಟ್ಟಿತು. ಒಬ್ಬಳೇ ಹೋಗಲು ಶ್ರಾವಣಿ ಒಪ್ಪಲಿಲ್ಲ.

"ಹಾಗಾದ್ರೆ ಅದೇ ತಾರೀಖಿಗೆ ಇಲ್ಲಿಗೆ ಬನ್ನಿ," ಎಂದಿದ್ದ ಅವನು. "ಇದೂ ಬಂದರೇ ಅಲ್ವಾ? ನಕಾಮುರಾ ಅವರು ಕಳಿಸಿದ ಟೂರ್ ಪಟ್ಟಿ ನನ್ನ ಹತ್ರ ಇದೆ. ಅದೇ ಟೈಮು, ಅದೇ ಶಿಸ್ತು."

ಹಾಗಾಗಿ ನವೆಂಬರಿನ ಈ ಬೂದುಬಣ್ಣದ ಶನಿವಾರ.

"ಹತ್ತು ಗಂಟೆ. ಕೋಬೆಯ ಹೆಸರಾಂತ ಕೆಂಪು ಗೋಪುರ," ಎಂದು ಬಂದರಿನ ದಡದಲ್ಲಿ ನಿಂತು ಕೈ ಎತ್ತಿದ. ಎದುರಿಗಿದ್ದದ್ದು ಊರಿನ ಜನ ಲಿಪ್‌ಸ್ಟಿಕ್ ಎಂದು ಕರೆಯುವ ಕೆಂಪು-ಬಿಳಿ ಆಫೀಸು ಕಟ್ಟಡ.

"ಇದಾ ಗೋಪುರ?"

"ಸ್ವಲ್ಪ ಕಣ್ಣು ಚಿಕ್ಕದು ಮಾಡಿ ನೋಡಿ ಮೇಡಂ."

ಅವಳು ಕಣ್ಣು ಕಿರಿದು ಮಾಡಿದಳು. ಗೋಪುರವನ್ನಲ್ಲ, ಅವನನ್ನು ನೋಡಿದಳು. ಅವನು ತಕ್ಷಣ ಪಟ್ಟಿಯೊಳಗೆ ಮುಖ ಹುದುಗಿಸಿದ. ಕಿವಿ ಕೆಂಪಾಗಿತ್ತು, ಚಳಿಗೋ ಏನೋ.

"ಗೈಡ್‌ಗಳು ಗಿರಾಕಿ ಮುಖ ನೋಡಿ ಮಾತಾಡಬೇಕು," ಎಂದು ರೇಗಿಸಿದಳು.

"ನಮ್ಮ ಕಂಪನಿ ಪಾಲಿಸಿಯಲ್ಲಿ ಅದಿಲ್ಲ."

ಹಾಳಾದವನು, ಎಷ್ಟು ಚೆನ್ನಾಗಿ ತಪ್ಪಿಸಿಕೊಳ್ಳುತ್ತಾನೆ ಎಂದುಕೊಂಡಳು. ಈಗಲೇ ಕೇಳಿಬಿಡಲೇ ಎನ್ನಿಸಿತು. ಬೇಡ, ಊಟದ ಹೊತ್ತಿಗೆ ಕೇಳೋಣ.

ಪಟ್ಟಿಯಲ್ಲಿದ್ದ ಬಂದರಿನ ವಿಹಾರ ಎಂದರೆ ಇಲ್ಲಿ ನದಿ ದಾಟುವ ದಿನನಿತ್ಯದ ಫೆರಿ. ಟ್ರಾಮಿನ ಕಾರ್ಡಿನಲ್ಲೇ ಹತ್ತಿದರು. 'ಐದು ನಿಮಿಷ ಮಾತಾಡದೆ ನೀರು ನೋಡಿ' ಎಂದು ನಕಾಮುರಾ ಬರೆದಿದ್ದರಂತೆ. ಹೊರಗಿನ ಡೆಕ್ಕಿನಲ್ಲಿ ಕಂಬಿ ಹಿಡಿದು ಇಬ್ಬರೂ ನಿಂತರು. ಅವನ ಕೈಗವಸು ಅವಳ ಕೈಗವಸಿಗೆ ತಾಗಿತು. ಸರಿಸಿಕೊಳ್ಳಲಿಲ್ಲ, ಅವನೂ ಇಲ್ಲ, ಅವಳೂ ಇಲ್ಲ. ಐದು ನಿಮಿಷ ಕಳೆದದ್ದನ್ನು ಇಬ್ಬರೂ ಹೇಳಲಿಲ್ಲ.

ಆಚೆ ದಡದಲ್ಲಿ ಹಳೆಯ ಹಡಗುಕಟ್ಟೆ. ಮುಗಿಲೆತ್ತರದ ಕಿತ್ತಳೆ ಬಣ್ಣದ ಕ್ರೇನು, ಅದರ ಸುತ್ತ ಗಾಜಿನ ಅಪಾರ್ಟ್‌ಮೆಂಟುಗಳು.

"ಕೋಬೆಯಲ್ಲಿ ಭೂಕಂಪಕ್ಕೆ ಒಡೆದ ದಕ್ಕೆಯ ಒಂದು ತುಂಡನ್ನ ಹಾಗೇ ಬಿಟ್ಟಿದ್ದಾರೆ, ಜನ ಮರೀಬಾರದು ಅಂತ," ಎಂದ ಸಿದ್ದಲಿಂಗ. "ಇಲ್ಲಿ ಅದರ ಬದಲು ಈ ಕ್ರೇನ್. ಒಂದು ಕಾಲಕ್ಕೆ ಸಾವಿರಾರು ಜನ ಹಡಗು ಕಟ್ಟುತ್ತಿದ್ದರು. ಆಮೇಲೆ ಮುಚ್ಚಿತು. ಎಲ್ಲರನ್ನೂ ಮನೆಗೆ ಕಳಿಸಿದರು." ಗೈಡಿನ ದನಿ ಅಲ್ಲಿ ಸ್ವಲ್ಪ ತಡವರಿಸಿತು.

ಗಾಳಿಗೆ ಬೆನ್ನು ಮಾಡಿ ಬೆಂಚಿನ ಮೇಲೆ ಕೂತು ಊಟದ ಡಬ್ಬಿ ತೆಗೆದ. ಚಪಾತಿ, ಎಣ್ಣೆಗಾಯಿ, ಶೇಂಗಾ ಚಟ್ನಿ. "ಕೋಬೆಗೆ ಹೋದವರೆಲ್ಲ ತಿನ್ನೋ ಆ ಹೆಸರಾಂತ ಬೀಫ್ ನಾವಿಬ್ಬರೂ ತಿನ್ನಲ್ಲವಲ್ಲ. ಅಡ್ಜಸ್ಟ್ ಮಾಡ್ಕೊಳ್ಳಿ."

ಅವಳು ಒಂದು ತುತ್ತು ತಿಂದಳು. ಸರಿ, ಈಗ ಕೇಳಬೇಕು. ಬಾಯಿ ತೆರೆದಳು. ಅವನ ಫೋನು ಬಡಿದುಕೊಂಡಿತು.

ಅವನು ಎದ್ದು ಎರಡು ಹೆಜ್ಜೆ ದೂರ ಹೋಗಿ ಸ್ವೀಡಿಷ್‌ನಲ್ಲಿ ಮಾತಾಡಿದ. ಶ್ರಾವಣಿಗೆ ಸ್ವೀಡಿಷ್ ಚೆನ್ನಾಗಿಯೇ ಬರುತ್ತಿತ್ತು. ಹೌದು, ಇವತ್ತು ಸಂಜೆ ಏಳಕ್ಕೆ ಕೀ ಕೊಡುತ್ತೇನೆ. ಹೌದು, ರೂಮು ಪೂರ್ತಿ ಖಾಲಿ. ಇಲ್ಲ, ಹೊಸ ವಿಳಾಸ ಇಲ್ಲಿನದಲ್ಲ.

ಅವನು ಬಂದು ಕೂತ. ಅವಳು ಡಬ್ಬಿ ಮುಚ್ಚಿಟ್ಟಳು.

"ರೂಮ್ ಯಾಕೆ ಖಾಲಿ ಮಾಡಿದ್ರಿ?"

ಸುಳ್ಳು ಹೇಳಲು ಅವನಿಗೆ ಯಾವತ್ತೂ ಬರುತ್ತಿರಲಿಲ್ಲ. "ನಾಳೆ ಬೆಳಿಗ್ಗೆ ಫ್ಲೈಟ್," ಎಂದ.

"ಅಪೀಲ್?"

"ವಾಪಸ್ ತಗೊಂಡೆ. ಲಾಯರ್ ಗೆಲ್ಲಲ್ಲ ಅಂದ್ರು. ನಾವಾಗೇ ಟೈಮ್ ಒಳಗೆ ಹೋದ್ರೆ ಮುಂದೆ ವೀಸಾಗೆ ತೊಂದ್ರೆ ಆಗಲ್ವಂತೆ."

"ನನಗೆ ಯಾವಾಗ ಹೇಳೋರಿದ್ರಿ? ಗದಗಿಂದ ಮೆಸೇಜ್ ಹಾಕಿಯಾ?" ಅವಳ ದನಿ ಏರಿತು. ನಾಯಿ ಹಿಡಿದು ಹೋಗುತ್ತಿದ್ದ ದಂಪತಿ ತಿರುಗಿ ನೋಡಿದರು. "ಏನದು ಪೇಪರ್ ಪ್ರಾಬ್ಲಮ್ಮು? ಇವತ್ತಾದ್ರೂ ಸರಿಯಾಗಿ ಹೇಳಿ."

"ರಜೆ ತಗೊಳ್ಳಲಿಲ್ಲ. ಅಷ್ಟೇ."

ಅಷ್ಟೇ ಎಂದರೆ ಅಷ್ಟೇ ಅಲ್ಲ. ಇಲ್ಲಿ ನೌಕರನಿಗೆ ವರ್ಷಕ್ಕೆ ಇಂತಿಷ್ಟು ರಜೆ ಕೊಡಲೇಬೇಕು, ಅವನು ತೆಗೆದುಕೊಳ್ಳಲೇಬೇಕು. ಇಲ್ಲದಿದ್ದರೆ ಕೆಲಸದ ಷರತ್ತು ಸರಿಯಿಲ್ಲ ಎಂದು ಲೆಕ್ಕ. ನಮ್ಮವರಿಗೆ ಇದು ತಲೆಗೆ ಹೋಗುವುದೇ ಇಲ್ಲ. ರಜೆ ಹಾಕದೆ ದುಡಿದವನ ಬೆನ್ನನ್ನು ನಮ್ಮಲ್ಲಿ ತಟ್ಟುತ್ತಾರೆ, ಇಲ್ಲಿ ಅವನಿಗೆ ಗಡಿ ತೋರಿಸುತ್ತಾರೆ. ಅವನ ಕಂಪನಿಯವರಿಗಾದರೂ ಗೊತ್ತಿರಬೇಕಿತ್ತು, ಅವರೂ ಸಹಿ ಹಾಕಿ ಕೈ ತೊಳೆದುಕೊಂಡರು.

"ಯಾಕೆ ತಗೊಳ್ಳಲಿಲ್ಲ?" ಎಂದು ಕೇಳಿದಳು.

ಕೇಳುತ್ತಿದ್ದಂತೆಯೇ ಅವಳಿಗೆ ನೆನಪಾಯಿತು. ಎರಡನೆಯ ಫೀಕಾದಲ್ಲೋ ಮೂರನೆಯದರಲ್ಲೋ ತಾನೇ ಬೆರಳು ಆಡಿಸಿ ಹೇಳಿದ್ದಳು: ರೀ ಸಿದ್ದಲಿಂಗ, ಒಂದೂ ರಜೆ ಖರ್ಚು ಮಾಡಬೇಡಿ, ಎಲ್ಲಾ ಉಳಿಸಿಡಿ, ಕೋಬೆ ಒಂದೇ ದಿನ ಆದ್ರೂ ಜಪಾನ್ ಪೂರ್ತಿ ನೋಡ್ಕೊಂಡು ಬರೋಣ.

ಅವನು ಉಳಿಸಿಟ್ಟಿದ್ದ, ಒಂದನ್ನೂ ಬಿಡದೆ.

"ನಾನು ಹೇಳಿದ್ದಕ್ಕಾ?" ಎಂದಳು, ಉಸಿರಿನಲ್ಲಿ.

ಅವನು ಹೌದೆಂದು ತಲೆಯಾಡಿಸಿ ಡಬ್ಬಿಯನ್ನು ಚೀಲಕ್ಕೆ ಹಾಕಿದ. ಒಬ್ಬ ಮನುಷ್ಯನ ಬದುಕನ್ನು ಶ್ರಾವಣಿ ಕಾಫಿ ಕುಡಿಯುತ್ತ, ನಗುತ್ತ ಕೆಡಿಸಿದ್ದಳು.

ವಾಪಸು ಫೆರಿಯಲ್ಲಿ ಒಳಗೆ ಕೂತರು. ಪಟ್ಟಿಯ ಪ್ರಕಾರ ಹಳೆಯ ಮರದ ಮನೆಗಳ ಬೀದಿ ಬಾಕಿಯಿತ್ತು. ನಡೆದರು. ಅವನು ಮುಂದೆ, ಅವಳು ಎರಡು ಹೆಜ್ಜೆ ಹಿಂದೆ. ನಾಲ್ಕು ಗಂಟೆಗೆಲ್ಲ ಕತ್ತಲೆ ಇಳಿಯಿತು. ಕಿಟಕಿಗಳಲ್ಲಿ ದೀಪ ಹಚ್ಚಿದ್ದರು. ಕೆಫೆಗಳ ಒಳಗೆ ಜೋಡಿಗಳು ಬನ್ನು ಹರಿದು ತಿನ್ನುತ್ತಿದ್ದವು, ನೋಡಿದರೆ ಹೊಟ್ಟೆ ಉರಿಯಿತು.

ಬೀದಿಯ ಕೊನೆಯಲ್ಲಿ ಅವಳು ಅವನ ತೋಳು ಹಿಡಿದು ನಿಲ್ಲಿಸಿದಳು. "ಸಿದ್ದಲಿಂಗ, ನಾನು ಇವತ್ತು ಬಂದಿದ್ದೇ ಒಂದು ಮಾತು ಕೇಳೋಕೆ. ನನ್ನ ಪಿಎಚ್‌ಡಿ ಮೇಲೆ ಗಂಡನಿಗೆ ಪರ್ಮಿಟ್..."

"ಕೇಳಬ್ಯಾಡ."

ಇಷ್ಟು ದಿನ ಅವಳೆದುರು ಅವನು ಬೆಂಗಳೂರಿನ ಮಾತನ್ನು ಇಸ್ತ್ರಿ ಮಾಡಿ ಆಡುತ್ತಿದ್ದ. ಇದು ಅವನ ಮನೆಯ ಮಾತು. ಏಕವಚನವೂ ಇದೇ ಮೊದಲು.

"ಕೇಳಬ್ಯಾಡ, ಶ್ರಾವಣಿ. ಕೇಳಿದರ ಹೂಂ ಅಂದುಬಿಡ್ತೀನಿ. ಅಷ್ಟು ಆಸೆ ಐತಿ ನನಗ."

"ಮತ್ತೆ ಅನ್ನಿ! ಏನು ತಪ್ಪು?"

"ನೀ ತಪ್ಪು ಮಾಡೀನಿ ಅಂತ ಕೇಳ್ತಿ. ನಾ ಪೇಪರ್ ಸಿಗತೈತಿ ಅಂತ ಒಪ್ತೀನಿ. ಇದರಾಗ ಪ್ರೀತಿ ಎಲ್ಲಿ ಕೂತೈತಿ ಅಂತ ಹೆಂಗ ಗೊತ್ತಾಗಬೇಕು? ಐದು ವರ್ಷ ಆದಮ್ಯಾಲೆ ಒಂದು ಜಗಳದಾಗ ನೀ ಅಂದುಬಿಡ್ತಿ, ಪರ್ಮಿಟ್‌ಗೆ ಕಟ್ಟಿಕೊಂಡಿ ಅಂತ. ನನ್ನ ಹತ್ರ ಆವಾಗ ಉತ್ತರ ಇರೂದಿಲ್ಲ. ಈಗೂ ಇಲ್ಲ."

"ರೈಲಲ್ಲಿ ಬರೋವಾಗ ನನಗೆ ರಜೆ ವಿಷಯ ಗೊತ್ತೇ ಇರಲಿಲ್ಲ. ಆಗಲೇ ಕೇಳಬೇಕು ಅಂತಿದ್ದೆ!"

"ಈಗ ಗೊತ್ತಾತಲ್ಲ."

ಅವನ ಕಣ್ಣು ತುಂಬಿತ್ತು. ಅವಳಿಗೆ ಅವನನ್ನು ಅಪ್ಪಿಕೊಳ್ಳಬೇಕೆನಿಸಿತು, ಎರಡು ಬಾರಿಸಬೇಕೆಂದೂ ಅನಿಸಿತು. ಎರಡನ್ನೂ ಮಾಡದೆ ಟ್ರಾಮ್ ಸ್ಟಾಪಿನ ಕಡೆ ಹೊರಟಳು. ಅವನ ಮಾತಿನಲ್ಲಿ ಸುಳ್ಳಿರಲಿಲ್ಲ, ಅದೇ ಸಂಕಟ. ನಾಳೆ ಒಂದು ದಿನ ತಾನೇ ಹಾಗೆ ಅಂದೇನು ಎಂದು ಅವಳಿಗೂ ಭಯವಾಯಿತು.

ಸ್ಟೇಷನ್ನಿನಲ್ಲಿ ಕಾರ್ಲ್‌ಸ್ಟಾಡ್ ರೈಲು ಬಂದು ನಿಂತಿತ್ತು. ಹೊರಡಲು ಎಂಟು ನಿಮಿಷ. ಅವನು ಅವಳ ಮಫ್ಲರ್ ಸರಿಮಾಡಿದ. ಬೆರಳು ಕೆನ್ನೆಯ ಹತ್ತಿರ ಬಂದು ಹಾಗೇ ಹಿಂದೆ ಹೋಯಿತು.

"ಟೂರ್ ಹ್ಯಾಗಿತ್ತು ಮೇಡಂ?" ಎಂದ, ನಗಲು ನೋಡುತ್ತ.

"ದರಿದ್ರವಾಗಿತ್ತು."

ಅವಳು ಮೆಟ್ಟಿಲು ಹತ್ತಿದಳು. ಎರಡೇ ಮೆಟ್ಟಿಲು. ತಿರುಗಿ ಇಳಿದು ಬಂದಳು.

"ನನ್ನ ಪಿಎಚ್‌ಡಿ ಮುಗಿಯೋಕೆ ಇನ್ನೂ ಎರಡು ವರ್ಷ ಬೇಕು," ಎಂದಳು. "ನೀನು ಇಲ್ಲಿಗೆ ಬರಬೇಡ. ನಿನಗೆ ನಾನು ಯಾವ ಪೇಪರೂ ಕೊಡಲ್ಲ, ಯಾವ ಫಾರಮ್ಮಿಗೂ ಸಹಿ ಹಾಕಲ್ಲ. ನಾನೇ ಮುಗಿಸ್ಕೊಂಡು ಗದಗಿಗೆ ಬರ್ತೀನಿ. ತಪ್ಪು ಮಾಡಿದೆ ಅನ್ನೋ ಸಂಕಟ ಎರಡು ವರ್ಷ ಬಾಳಲ್ಲ ಕಣೋ. ಬಾಳಿದ್ರೆ ಅದು ಬೇರೆ ಏನೋ. ಆಗ ನನ್ನನ್ನ ಮದುವೆ ಆಗ್ತೀಯಾ?"

ಸಿದ್ದಲಿಂಗ ಕೈಗವಸು ಕಳಚಿ ಜೇಬಿಗೆ ತುರುಕಿದ.

"ಅಲ್ಲಿ ನನಗ ಕೆಲಸಾ ಇಲ್ಲ," ಎಂದ.

"ಗೊತ್ತು."

"ಎರಡು ವರ್ಷದಾಗ ನಿನಗ ಇಲ್ಲಿ ದೊಡ್ಡ ಕೆಲಸ ಸಿಗತೈತಿ."

"ಸಿಗಬಹುದು. ಬಿಟ್ಟು ಬರ್ತೀನಿ."

"ಹಂಗಾದರ ಇದರಾಗ ನನಗ ಏನೂ ಸಿಗೂದಿಲ್ಲ."

"ಏನೂ ಇಲ್ಲ. ನಾನೊಬ್ಬಳೇ."

ಗಾರ್ಡ್ ಸೀಟಿ ಊದಿದಳು. ಶ್ರಾವಣಿ ಹತ್ತಲೇಬೇಕಾಯಿತು. ಬಾಗಿಲ ಬಳಿ ನಿಂತು ನೋಡಿದಳು. ಅವನು ಮುಖವನ್ನು ಮರೆಮಾಡದೆ, ಅಷ್ಟು ಜನರ ನಡುವೆ, ಮಗುವಿನ ಹಾಗೆ ಅಳುತ್ತಿದ್ದ.

"ಹೂಂ," ಎಂದ.

ಬಾಗಿಲು ಮುಚ್ಚಿತು. ಮರುದಿನ ಬೆಳಿಗ್ಗೆ ಅವನ ವಿಮಾನ ಸರಿಯಾದ ಸಮಯಕ್ಕೇ ಹೊರಟಿತು. ಸೋಮವಾರ ಶ್ರಾವಣಿ ಡಿಪಾರ್ಟ್‌ಮೆಂಟಿಗೆ ಎಲ್ಲರಿಗಿಂತ ಮೊದಲು ಹೋಗಿ, ಕೋಟು ಬಿಚ್ಚದೆ, ಪಿಎಚ್‌ಡಿ ಪ್ರಬಂಧದ ಮೂರನೆಯ ಅಧ್ಯಾಯ ಬರೆಯಲು ಕೂತಳು.