ತಕರಾರಿಲ್ಲ

"ಆ ಫೈಲು ಇಲ್ಲೇ ಬಿಟ್ಟು ಹೋಗ್ರಿ ವಕೀಲ ಸಾಬ್," ಅಂದಳು ಅನ್ವರಿ ಬೇಗಂ. "ನಮ್ಮವರು ಅದನ್ನ ಹಿಡಕೊಂಡು ಕೋರ್ಟಿನ್ಯಾಗ ನಿಂತ ದಿನಾನೇ ಬಾಯಿ ಹೋತು. ಅವರಕಿಂತ ಮುಂಚಿನ ಇಬ್ಬರದೂ ಹಾಂಗೇ ಆತು."

ಒವೈಸ ನಕ್ಕ. ಹೈದರಾಬಾದಿನಲ್ಲಿ ಆರು ವರ್ಷ ವಕೀಲಿ ಮಾಡಿ ಬೀದರಿಗೆ ಬಂದು ಅವನಿಗೆ ತಿಂಗಳಾಗಿತ್ತಷ್ಟೇ. ಬ್ಯಾಂಕು ಒಪ್ಪಿಸಿದ ಮೊದಲ ಕೇಸಿನ ಕಾಗದಪತ್ರ ಒಯ್ಯಲು ಭಾಲ್ಕಿಗೆ, ಹಿಂದಿನ ವಕೀಲ ಗುಲಾಮ ರಸೂಲನ ಮನೆಗೆ ಬಂದಿದ್ದ. ಮಂಚದ ಮೇಲೆ ಕೂತ ಮುದುಕ ಫೈಲಿನ ಲಾಡಿಯನ್ನು ಎರಡೂ ಕೈಯಿಂದ ಬಿಗಿಹಿಡಿದಿದ್ದ. ತುಟಿಗಳು ಅದುರುತ್ತಿದ್ದವು. ಮಾತಿಲ್ಲ.

"ಲಕ್ವಾ ಹೊಡದದ ಅಮ್ಮಾ. ಛಲೋ ಡಾಕ್ಟರಿಗೆ ತೋರಸ್ರಿ," ಎಂದು ಒವೈಸ ಆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಫೈಲು ಎತ್ತಿಕೊಂಡ.

ಕೇಸು ಸರಳವಾಗಿತ್ತು. ಬೀದರಿನ ಹತ್ತಿರದ ಕೊಳಾರದಲ್ಲಿ ಬೇಳೆ ಮಿಲ್ಲು ಹಾಕಿದ ಲೂಕ ಸಾಲ ತೀರಿಸಿರಲಿಲ್ಲ. ಬ್ಯಾಂಕು ಹರಾಜಿನ ನೋಟೀಸು ಕೊಟ್ಟಾಗಲೆಲ್ಲ ಅರ್ಜಿ ಹಾಕಿ ತಡೆಯಾಜ್ಞೆ ತರುತ್ತಿದ್ದ. ನಾಲ್ಕು ವರ್ಷದಲ್ಲಿ ಮೂರು ಸಲ. ಪ್ರತಿ ಸಲವೂ ಬ್ಯಾಂಕಿನ ವಕೀಲ ಎದ್ದು ನಿಂತು, ಏನೂ ಹೇಳದೆ ಕೂತಿದ್ದ. ನಾಲ್ಕನೆಯ ಅರ್ಜಿಯ ವಿಚಾರಣೆ ಗುರುವಾರಕ್ಕಿತ್ತು.

ಬುಧವಾರ ಮಧ್ಯಾಹ್ನ ಒವೈಸ ಬ್ಯಾಂಕಿನ ಅಧಿಕಾರಿ ಶಿವಾನಿಯ ಜೊತೆ ಮಿಲ್ಲು ನೋಡಲು ಹೋದ. ಹೊರಗೆ ಉರಿಬಿಸಿಲು. ಶಟರ್ ದಾಟಿದರೆ ಹಾಳುಬಾವಿಯಂಥ ಕತ್ತಲು, ಮುಗ್ಗಿದ ತೊಗರಿ ಹೊಟ್ಟಿನ ಘಾಟು. ಅದರಡಿಯಲ್ಲಿ ಇನ್ನೊಂದು ವಾಸನೆ, ಹಸಿ ಮಾಂಸದ್ದು. ನಿಂತುಹೋದ ಯಂತ್ರಗಳ ಹಿಂದೆಲ್ಲೋ ನೊಣಗಳು ಗುಂಯ್ಗುಡುತ್ತಿದ್ದವು.

ಕೀಲಿ ತೆಗೆದ ಲೂಕ ಬಾಗಿಲಲ್ಲೇ ನಿಂತ. "ಸರ್, ಆ ಕಂಬದ ಕಡಿ ಹೋಗಬ್ಯಾಡ್ರಿ."

ಶಿವಾನಿ ಮೊಬೈಲಿನ ಬೆಳಕು ಬಿಟ್ಟಳು. ಕಂಬದ ಮೇಲೆ ಕುರಿಯ ನಾಲಿಗೆಗಳು. ಒಂದೊಂದಕ್ಕೂ ಜಾಲಿಮುಳ್ಳು ಚುಚ್ಚಿತ್ತು. ಮೂರು ಒಣಗಿ ಕಪ್ಪಾಗಿದ್ದವು. ನಾಲ್ಕನೆಯದು ಹಸಿ. ಅದರ ಕೆಳಗಿನ ಚೀಟಿಯಲ್ಲಿ ಒವೈಸನ ಹೆಸರು.

"ಯಾರು ಬಡದಾರ ಇದನ್ನ?" ಒವೈಸ ಲೂಕನ ಕಡೆ ತಿರುಗಿದ.

"ಮೊದಲನೇದು ನಾನೇ ರಿ. ಔರಾದ ಕಡಿ ಒಬ್ಬ ಮಾಟದವನ ಮಾತು ಕೇಳಿ. ಅವ ಸತ್ತು ಮೂರು ವರ್ಷಾತು. ಉಳಿದವು..." ಲೂಕನ ದನಿ ಉಡುಗಿತು. "ತಾವೇ ಬರ್ತಾವ್ರಿ. ಕೀಲಿ ನನ್ನ ಹಂತ್ಯಾಕೇ ಅದ. ಮಿಲ್ಲು ಮಾರಿ ಸಾಲ ತೀರಸ್ತೇನಿ ಅಂತ ಕೋರ್ಟಿಗೆ ಹೇಳ್ಲಿಕ್ಕ ಹೋದ್ರ, ಬಾಯಾಗ ಬ್ಯಾರೇನೇ ಬರ್ತದ. ಈ ಕೇಸು ನಾ ಬಿಟ್ಟರೂ ಅದು ಬಿಡವಲ್ದು."

"ನಾಟಕ ಸಾಕು." ಒವೈಸ ಹಸಿ ನಾಲಿಗೆಗೆ ಕೈ ಹಾಕಿದ.

"ಕೀಳಬ್ಯಾಡ್ರಿ!" ಲೂಕ ಚೀರಿದ. "ಕಟ್ಟಿದ್ದಕ್ಕ ಸುಮ್ಮನದ. ಬಿಚ್ಚಿದ್ರ ಮಾತಾಡ್ತದ!"

ಒವೈಸ ಜಗ್ಗಿದ. ಅದು ಬೆಚ್ಚಗಿತ್ತು. ಬೆರಳ ನಡುವೆ ಮಿಸುಕಿತು. ಕಿತ್ತು ಬಂದದ್ದನ್ನು ದೂರ ಎಸೆದು ನಗಲು ನೋಡಿದ. ಬಾಯಿ ತುಂಬ ರಕ್ತದ ರುಚಿ.

ಗುರುವಾರ ಕೋರ್ಟಿನಲ್ಲಿ ಕೇಸು ಕೂಗಿದರು. ಒವೈಸ ಎದ್ದ. ಬಾಯಿ ತೆರೆದ. ನಾಲಿಗೆ ಏಳಲಿಲ್ಲ. ಬುಡದಲ್ಲಿ ಮುಳ್ಳು ನಟ್ಟ ನೋವು. ಮತ್ತೆ ಯತ್ನಿಸಿದ. ಆಗ ಅದು ಹೊರಳಿತು. ತಾನೇ. ಬಾಯೊಳಗೆ ಹೊಕ್ಕ ಬೇರೊಂದು ಜೀವದ ಹಾಗೆ.

"ತಡೆಯಾಜ್ಞೆಗೆ ನಮ್ಮ ತಕರಾರಿಲ್ಲ."

ಅವನದೇ ದನಿ. ಸ್ಪಷ್ಟ. ತಣ್ಣಗೆ.

ನ್ಯಾಯಾಧೀಶರು ಕನ್ನಡಕ ತೆಗೆದರು. "ಬ್ಯಾಂಕಿನ ನಿಲುವು ಇದೇನಾ? ಯೋಚಿಸಿ ಹೇಳಿ."

ಅಲ್ಲ ಎಂದು ತಲೆಯಾಡಿಸಲು ಹೋದ. ಕತ್ತು ಸೆಟೆದಿತ್ತು.

"ತಕರಾರಿಲ್ಲ."

ಹಿಂದಿನ ಬೆಂಚಿನಲ್ಲಿ, ನಾಲ್ಕನೆಯ ಸಲ ಗೆದ್ದ ಲೂಕ ಮುಖ ಮುಚ್ಚಿಕೊಂಡು ಅಳುತ್ತಿದ್ದ.

ಅಂದಿನಿಂದ ಒವೈಸನ ಬಾಯಲ್ಲಿ ಅದೊಂದೇ ಮಾತು. ಪೆನ್ನು ಹಿಡಿದರೆ ಕೈಯೂ ಅದನ್ನೇ ಬರೆಯಿತು. ಬ್ಯಾಂಕು ದೂರು ಕೊಟ್ಟಿತು. ಎರಡು ತಿಂಗಳಿಗೆ ವಕೀಲರ ಶಿಸ್ತು ಸಮಿತಿ ಅವನನ್ನು ಕರೆಸಿತು. ಹೆಂಡತಿ ಆಯೆಶಾ ಡಾಕ್ಟರರ ಚೀಟಿಗಳನ್ನು ಎದೆಗವಚಿಕೊಂಡು ಬಾಗಿಲ ಬಳಿ ನಿಂತಿದ್ದಳು.

"ಎದುರು ಪಾರ್ಟಿಯಿಂದ ಲಂಚ ತಿಂದಿದ್ದೀರಿ ಎಂಬುದು ಆರೋಪ," ಎಂದರು ಹಿರಿಯರು. "ನಿಮ್ಮ ವಕೀಲಿಯ ಸನದು ರದ್ದು ಮಾಡುತ್ತೇವೆ. ಏನಾದರೂ ಹೇಳುವುದಿದೆಯೇ?"

ಒವೈಸ ಎರಡೂ ಕೈಯಿಂದ ಬಾಯಿ ಒತ್ತಿ ಹಿಡಿದ. ಹಲ್ಲು ಕಚ್ಚಿದ. ಕಣ್ಣಲ್ಲಿ ನೀರು. ಬೆರಳ ಸಂದಿಯಿಂದ ಅದು ನುಸುಳಿ ಹೊರಬಂತು.

"ತಕರಾರಿಲ್ಲ."

ಗುಮಾಸ್ತ ತಲೆಯೆತ್ತದೆ ಬರೆದುಕೊಂಡ.