ಹೊರಕ್ಕೆ ತೆರೆದ ಬಾಗಿಲು

"ಈ ಬಾಗಿಲು ಒಳಕ್ಕೆ ತೆರೆಯುತ್ತಾ, ಹೊರಕ್ಕಾ?"

ಮೂರು ವರ್ಷಗಳ ನಂತರ ಅವನು ಅವಳೊಂದಿಗೆ ಆಡಿದ ಮೊದಲ ಮಾತು ಅದು!

ಸಿನಿಮಾ ಸೆಟ್ಟಿನ ಹೊಸ ಬಾಗಿಲ ಬಳಿ ನಿಂತಿದ್ದ ಅವಳು ತಿರುಗಿ ನೋಡಿದಳು. ಅದೇ ಮಾಸಿದ ಅಂಗಿ, ಹೆಗಲಿಗೆ ಅದೇ ಕ್ಯಾಮೆರಾ ಚೀಲ. ಎದೆ ಹೊಡೆದುಕೊಳ್ಳಬೇಕಿತ್ತು. ಸಿಟ್ಟಾದರೂ ಬರಬೇಕಿತ್ತು. ಜೋಮು ಹಿಡಿದ ಕಾಲನ್ನು ಯಾರೋ ಮುಟ್ಟಿದಂತಾಯಿತು, ಅಷ್ಟೆ.

"ಒಳಕ್ಕೆ. ನಿಮ್ಮನ್ನ ಕರೆಸಿದ್ದು ನಿರ್ದೇಶಕರು, ನಾನಲ್ಲ. ಸಂಜೆಯೊಳಗೆ ನನ್ನ ತೀರ್ಮಾನ ಹೇಳ್ತೀನಿ."

"ನಿಮ್ಮನ್ನ?" ಅವನು ಮೆಲ್ಲಗೆ ನಕ್ಕ. "ಆಗ್ಲಿ, ಮೇಡಂ."

ತೀರ್ಮಾನ ಆಗಿಯೇ ಇತ್ತು. ನಿರ್ಮಾಪಕಿಯಾಗಿ ಇದು ಅವಳ ಮೊದಲ ಚಿತ್ರ. ಇದರಲ್ಲಿ ಅವನು ಬೇಡ.

ಹಿಂದೆ ಅವಳು ಕಲಾ ನಿರ್ದೇಶಕಿ, ಅವನು ಕ್ಯಾಮೆರಾಮನ್. ಮದುವೆ ನಿಶ್ಚಯವಾಗಿತ್ತು. ಅಪ್ಪ ಆಸ್ಪತ್ರೆಯಲ್ಲಿದ್ದಾಗ ಅಲ್ಲಿಗೂ ಇಲ್ಲಿಗೂ ಓಡಾಡುತ್ತಲೇ ಅವಳು ತಮ್ಮ ಮನೆಯಂಥದ್ದೇ ಒಂದು ಸೆಟ್ ಹಾಕಿದ್ದಳು. ಅಪ್ಪ ತಲೆ ಒರಗಿಸುತ್ತಿದ್ದ ಗೋಡೆಯ ಎಣ್ಣೆಕಲೆಯನ್ನೂ ಕೈಯಾರೆ ಬಿಡಿಸಿದ್ದಳು. ಚಿತ್ರೀಕರಣದ ಮುನ್ನಾದಿನ ಅಪ್ಪ ಹೋಗಿಬಿಟ್ಟರು. ಆಮೇಲೆ ಪರದೆಯ ಮೇಲೆ ನೋಡಿದರೆ... ಬರೀ ಕತ್ತಲು! ಒಂದು ಮೇಣದಬತ್ತಿ, ಎರಡು ಮುಖ. ಅವಳ ಮನೆಯೇ ಇರಲಿಲ್ಲ.

ಯಾಕೆಂದು ಕೇಳಿದರೆ, "ದೃಶ್ಯಕ್ಕೆ ಅದೇ ಚೆಂದ ಅನ್ನಿಸ್ತು" ಎಂದಿದ್ದ.

ಅವಳು ಉಂಗುರ ಮರಳಿಸಿದಳು. ಮತ್ತೆ ಸೆಟ್ ಹಾಕಲಿಲ್ಲ. ಅಪ್ಪನಿಗಾಗಿ ಕೂಡ ಅಳಲಿಲ್ಲ.

"ಆರಿದ ಚಹಾ ಎಷ್ಟು ಹೊತ್ತು ಹಿಡ್ಕೊಂಡು ನಿಂತಿರ್ತೀಯೇ?" ಎಲ್ಲರೂ ದೊಡ್ಡಮ್ಮ ಎನ್ನುವ ವಸ್ತ್ರವಿನ್ಯಾಸಕಿ ಅವಳ ಕೈಯ ಲೋಟ ತೆಗೆದುಕೊಂಡು ಬಿಸಿಯದನ್ನು ಇಟ್ಟರು.

ಮಧ್ಯಾಹ್ನ ಅವಳು ಸಂಕಲನಕಾರನ ಕೋಣೆಗೆ ಹೋದಳು. ವಿತರಕರಿಗೆ ತನ್ನ ಹಳೆಯ ಕೆಲಸದ ತುಣುಕು ತೋರಿಸಬೇಕಿತ್ತು.

"ಆ ಕತ್ತಲೆ ದೃಶ್ಯ ಬೇಡ," ಎಂದಳು.

"ಬೆಳಕಲ್ಲಿ ತೆಗೆದದ್ದೂ ಒಂದಿದೆ ಮೇಡಂ. ಬಳಸಿಲ್ಲ. ನೀವು ನೋಡಿಲ್ವಾ?"

ಪರದೆಯಲ್ಲಿ ಅವಳ ಮನೆ ಬೆಳಗಿತು. ಆ ಗೋಡೆ, ಆ ಎಣ್ಣೆಕಲೆ... ನಾಯಕಿ ಬಾಗಿಲು ತೆಗೆದು ಒಳಬಂದಳು.

ಬಾಗಿಲು ಹೊರಕ್ಕೆ ತೆರೆಯಿತು!

'ಅಯ್ಯೋ... ಮೊದಲೇ ತೆಗೆದಿದ್ದ ಬೀದಿಯ ದೃಶ್ಯದಲ್ಲಿ ನಾಯಕಿ ಇದೇ ಬಾಗಿಲನ್ನ ಒಳಕ್ಕೆ ತಳ್ಳಿದ್ದಳಲ್ಲ! ಕೀಲು ತಿರುಗಾಮುರುಗಾ ಹಾಕಿಸಿದ್ದೀನಿ!'

"ಕಟ್!" ಅದೇ ತುಣುಕಿನಲ್ಲಿ, ಕ್ಯಾಮೆರಾ ಹಿಂದಿನಿಂದ ಅವನ ದನಿ. "ಬಿಚ್ಚಿ ಕೂರಿಸೋಕೆ ಹೊತ್ತಿಲ್ಲ. ದೀಪ ಎಲ್ಲಾ ಆರಿಸಿ, ಒಂದು ಮೇಣದಬತ್ತಿ ಕೊಡಿ. ಬಾಗಿಲಿನ ವಿಷಯ ಅವಳ ಕಿವಿಗೆ ಬೀಳಬಾರ್ದು. ಈಗಷ್ಟೇ ಅಪ್ಪನ್ನ ಕಳಕೊಂಡಿದ್ದಾಳೆ. ಕೇಳಿದ್ರೆ ನನ್ನ ಹುಚ್ಚು ಅನ್ನಿ."

"ಮೇಡಂ... ನಿಲ್ಲಿಸ್ಲಾ?" ಸಂಕಲನಕಾರ ಕೇಳಿದ.

ಅವಳು ಆಗಲೇ ಹೊರಟಿದ್ದಳು.

ಸೆಟ್ಟಿನಲ್ಲಿ ಅವನು ಚೀಲ ಕಟ್ಟುತ್ತಿದ್ದ. ಅವಳು ಹೊಸ ಬಾಗಿಲನ್ನು ಎರಡೂ ಕೈಯಿಂದ ತಳ್ಳಿಕೊಂಡು ಒಳಬಂದಳು.

"ತೀರ್ಮಾನ ಗೊತ್ತು ಬಿಡಿ," ಎಂದ ಅವನು. "ಹೊರಟೆ."

"ಯಾಕೆ ಹೇಳ್ಲಿಲ್ಲ?"

ಅವಳ ಮುಖ ನೋಡಿ ಅವನಿಗೆ ಅರ್ಥವಾಯಿತು.

"ಹೇಗೆ ಹೇಳ್ಲಿ? ನೀನು ಆಗ ನೀರೂ ಕುಡೀತಿರ್ಲಿಲ್ಲ."

"ಆಮೇಲೆ?"

"ಆಮೇಲೆ ನೀನು ಕೇಳೋಕೆ ನಿಲ್ಲಲಿಲ್ಲ. ನಾನೂ... ಬಿಗುಮಾನ ಬಿಡ್ಲಿಲ್ಲ."

"ಅಪ್ಪನ ಗೋಡೆನೇ ನೀನು ಅಳಿಸಿಬಿಟ್ಟೆ ಅಂದ್ಕೊಂಡಿದ್ದೆ ಕಣೋ..."

ಮೂರು ವರ್ಷದ ಅಳು ಒಮ್ಮೆಲೇ ಬಂತು. ಅವನು ದೀಪದ ಮುಖವನ್ನು ಆಚೆಗೆ ತಿರುಗಿಸಿದ, ಅವಳ ಕಣ್ಣೀರು ಯಾರಿಗೂ ಕಾಣದಂತೆ.

"ಮತ್ತೆ ಕತ್ತಲು ಮಾಡ್ತೀಯಾ?" ಅಳುತ್ತಲೇ ಕೈ ಹಿಡಿದು ತಡೆದಳು. "ಬೇಡ. ನಂದು ತಪ್ಪಿದ್ರೆ ಬೆಳಕಲ್ಲೇ ಹೇಳು. ಹತ್ತಿರ ಇದ್ದು ಹೇಳು. ಹೋಗ್ಬೇಡ."

"ಏನಿದ್ರೂ ಹೇಳ್ಬೇಕಾ?"

"ಹ್ಞೂಂ."

"ಬಾಗಿಲ ಬಣ್ಣ ಇನ್ನೂ ಒಣಗಿಲ್ಲ. ಎರಡೂ ಅಂಗೈಗೆ ಮೆತ್ಕೊಂಡಿದ್ದೀಯ... ಈಗ ನನ್ನ ಕೈಗೂ."

ಅವಳು ನೋಡಿಕೊಂಡಳು. ಹಿಡಿದ ಕೈ ಬಿಡಲಿಲ್ಲ.

"ಇರ್ಲಿ," ಎಂದಳು.