ಆಚೆ ದಡದ ಮಾತು

"ಒಂದು ಕಟ್ಟು ಸೋಲ್ ಕೊಡಿ" ಎಂದ ಆ ಗಂಡಸು.

ಸಂತೆಯಲ್ಲಿ ತರಕಾರಿ ಮಾರುವ ಮಾಲ್ಸುನ್ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಮೂಲಂಗಿ ಉಜ್ಜುವ ಬ್ರಷ್ಷನ್ನು ತೆಗೆದು ಕೈಗಿಟ್ಟಳು.

ಅವನು ಬ್ರಷ್ಷನ್ನೂ ನೋಡಿದ, ಅವಳನ್ನೂ ನೋಡಿದ. "ಇದನ್ನ ಹೆಚ್ಚಿ ದೋಸೆ ಹುಯ್ಯೋದು ಹೇಗೆ?"

"ಸೋಲ್ ಅಂದ್ರ ಬ್ರಷ್ ಅಲ್ಲೇನ್ರೀ?"

ಅವನ ಬೆರಳು ಬೆಳ್ಳುಳ್ಳಿ ವಾಸನೆಯ, ಹುಲ್ಲಿನಂಥ ಸೊಪ್ಪಿನತ್ತ ಚಾಚಿತು.

"ಅಯ್ಯ, ಜೊಂಗುಜಿ! ಸೀದಾ ಹೇಳಾಕ ಬರೂದಿಲ್ಲೇನು?" ಎಂದು ಅವಳು ನಕ್ಕಳು. ಗಂಡ ತೀರಿಕೊಂಡ ಮೇಲೆ ಸಂತೆಯಲ್ಲಿ ಹಾಗೆ ನಕ್ಕದ್ದು ಅದೇ ಮೊದಲು.

ಅವನ ಹೆಸರು ಸಾಂಗು. ಜೇನು ಸಾಕುವವನು. ಸೊಮ್ಜಿನ್ ನದಿಯ ಆಚೆಗೆ ಅವನ ಜೊಲ್ಲಾ ಸೀಮೆ, ಈಚೆಗೆ ಅವಳ ಗ್ಯೊಂಗ್‌ಸಾಂಗ್ ಸೀಮೆ. ದೋಣಿಯಲ್ಲಿ ಕೂತು ಬೆವರು ಒರೆಸಿಕೊಳ್ಳುವಷ್ಟರಲ್ಲಿ ಸೊಪ್ಪಿನ ಹೆಸರೇ ಬದಲಾಗುತ್ತಿತ್ತು. ಐದು ದಿನಕ್ಕೊಮ್ಮೆ ಕೂಡುವ ಸಂತೆಯನ್ನು ಸಾಂಗು ಒಂದೂ ತಪ್ಪಿಸಲಿಲ್ಲ. ಒಬ್ಬಂಟಿ ಗಂಡಸಿಗೆ ಅಷ್ಟೊಂದು ಸೊಪ್ಪು ಯಾಕೆ ಎಂದು ಪಕ್ಕದ ಮೀನಿನವಳು ಕಣ್ಣು ಮಿಟುಕಿಸುತ್ತಿದ್ದಳು.

ಏಪ್ರಿಲ್ ಕೊನೆಯ ಸಂತೆಯಲ್ಲಿ ಅವನು ಸೊಪ್ಪು ಕೇಳಲೇ ಇಲ್ಲ. ಟೋಪಿ ಕೈಯಲ್ಲಿ ತಿರುವುತ್ತಾ, "ನೀವು ಅಂಥಾ ಚೆಲುವೆ ಅಂತಲ್ಲ. ಆದ್ರೆ ನಿಮ್ಮಲ್ಲಿ ಗ್ವಿನ್ ಇದೆ" ಎಂದುಬಿಟ್ಟ.

ಮಾಲ್ಸುನ್‌ಗೆ ಆ ಮಾತು ಗೊತ್ತಿರಲಿಲ್ಲ. ಅವಳು ಬಲ್ಲದ್ದು ಗ್ವಿ, ಅಂದರೆ ಕಿವಿ. ಗ್ವಿಶಿನ್, ಅಂದರೆ ದೆವ್ವ.

"ಚೆಲುವಿ ಅಲ್ಲ ಅಂದ್ರಿ, ದೆವ್ವಾನೂ ಅಂದ್ರಿ. ಇನ್ನ ಈ ಕಡೆ ಕಾಲಿಡಬ್ಯಾಡ್ರಿ!"

ಅವನು ಟೋಪಿ ತಲೆಗಿಟ್ಟುಕೊಂಡು ಹೊರಟುಹೋದ.

ಎರಡು ಸಂತೆ ಕಳೆದವು. ಆಚೆ ದಡದಿಂದ ದೋಣಿ ಬಂದಾಗಲೆಲ್ಲ ಅವಳ ಕತ್ತು ತಾನಾಗಿ ಹೊರಳುತ್ತಿತ್ತು. ಮೂರನೆಯ ಸಂತೆಗೆ ಆಚೆಯಿಂದ ಬಂದ ಅಜ್ಜಿಯೊಬ್ಬಳು ಮೂಲಂಗಿ ಆರಿಸುತ್ತಿದ್ದಾಗ, ಮಾಲ್ಸುನ್ ತಡೆಯಲಾರದೆ ಕೇಳಿದಳು: "ಅಜ್ಜಿ, ಗ್ವಿನ್ ಅಂದ್ರ ಏನ್ರೀ?"

ಅಜ್ಜಿಯ ಮುಖ ಅರಳಿತು. "ಯಾರಮ್ಮಾ ಅಂದಿದ್ದು? ಚೆಲುವೇರು ಬೇಕಾದಷ್ಟು ಜನ ಇರ್ತಾರೆ, ಒಂದ್ಸಲ ನೋಡಿದ್ರೆ ಸಾಕು. ನೋಡಿದಷ್ಟೂ ನೋಡ್ಬೇಕು ಅನ್ಸೋ ಮುಖ ಇರುತ್ತಲ್ಲ, ಅದಕ್ಕೆ ಹೇಳೋದು. ನಮ್ಮೆಜಮಾನ್ರು ನಲವತ್ತು ವರ್ಷದಲ್ಲಿ ಒಂದೇ ಸಲ ಅಂದಿದ್ರು. ಅದೂ ಕುಡಿದಾಗ."

ಮಾಲ್ಸುನ್ ಜೇನಿನವನ ಮನೆ ಎಲ್ಲೆಂದು ಅಜ್ಜಿಯನ್ನೇ ಕೇಳಿಕೊಂಡು, ಅಂಗಡಿಯನ್ನು ಮೀನಿನವಳಿಗೆ ಒಪ್ಪಿಸಿ ದೋಣಿ ಹತ್ತಿದಳು.

ಸಾಂಗುವಿನ ಅಂಗಳದಲ್ಲಿ ಲಾರಿ ನಿಂತಿತ್ತು. ಅಕೇಶಿಯಾ ಹೂವು ಬಿಡುವ ಕಾಲ. ಹೂವಿನ ಬೆನ್ನು ಹತ್ತಿ ಉತ್ತರಕ್ಕೆ ಹೋಗಲು ಅವನು ಜೇನುಪೆಟ್ಟಿಗೆಗಳನ್ನು ಹಗ್ಗದಿಂದ ಬಿಗಿಯುತ್ತಿದ್ದ. ಅವಳನ್ನು ಕಂಡು ಹಗ್ಗ ಕೈಯಿಂದ ಜಾರಿತು.

"ನಮ್ಮ ಕಡೆ ಆ ಮಾತಿಲ್ಲರೀ" ಎಂದಳು ಏದುಸಿರು ಬಿಡುತ್ತಾ. "ನನಗ ತಿಳೀಲಿಲ್ಲ."

"ನಾನೇ ಬಿಡಿಸಿ ಹೇಳ್ಬೇಕಿತ್ತು." ಅವನ ಕಿವಿ ಕೆಂಪಾಗಿತ್ತು. "ನಿಮ್ಮ ಕಡೆ ಇದಕ್ಕೆ ಏನಂತಾರೆ?"

"ಏನೂ ಅನ್ನಂಗಿಲ್ಲ. ಊಟ ಆತೇನು ಅಂತ ಕೇಳ್ತೀವಿ."

"ಅಷ್ಟೇನಾ?"

"ಅಷ್ಟ." ಅವಳು ನೆಲ ನೋಡಿದಳು. ಆಮೇಲೆ ತಲೆಯೆತ್ತಿ ಅವನನ್ನೇ ನೋಡುತ್ತಾ ಕೇಳಿದಳು: "ಊಟ ಆತೇನ್ರೀ?"

"ಇಲ್ಲ" ಎಂದ ಸಾಂಗು. "ಮೂರು ಸಂತೆಯಿಂದ ಸರಿಯಾಗಿ ಆಗಿಲ್ಲ."

ಡ್ರೈವರ್ ಹಾರ್ನ್ ಬಾರಿಸಿದ. ಇಬ್ಬರಿಗೂ ಕೇಳಿಸಲಿಲ್ಲ.

ಲಾರಿ ಹೊರಟದ್ದು ಮೂರು ದಿನ ತಡವಾಗಿ. ಮುಂದಿನ ಸೀಟಿನಲ್ಲಿ ಮೂವರು ಒತ್ತಿಕೊಂಡು ಕೂತಿದ್ದರು. ದಾರಿಯುದ್ದಕ್ಕೂ ಯಾವುದಕ್ಕೆ ಯಾವ ಹೆಸರು ಸರಿ ಎಂದು ಇಬ್ಬರು ಜಗಳವಾಡುತ್ತಿದ್ದರು; ಎರಡು ದಡಕ್ಕೂ ಸೇರದ ಡ್ರೈವರ್ ಮಾತ್ರ ಸುಮ್ಮನೆ ಗಾಡಿ ಓಡಿಸಿದ.